ಎಡಗಾಲಿನ ಕೆಲಸ ಮಾಡುವ ಎಣ್ಣೆ

ದಂಡೋತಿಯಿಂದ ಚಿತ್ತಾಪುರಕ್ಕೆ ಹೋಗುವ ರಸ್ತೆಗೆ ನನ್ನ ಗ್ಯಾರೇಜು. ಹದಿನೆಂಟು ವರ್ಷದ ಹಿಂದೆ ಶಟರ್ ಎತ್ತಿದಾಗ ಬರುತ್ತಿದ್ದದ್ದು ಜೀಪು, ಟ್ರ್ಯಾಕ್ಸ್, ಸುಮೋ. ಕ್ಲಚ್ ಪ್ಲೇಟ್ ಬದಲಿಸುವುದೇ ಆಗ ದೊಡ್ಡ ಕೆಲಸ. ಈಗ ವಾಡಿ, ಮಳಖೇಡ, ಸೇಡಂನ ಸಿಮೆಂಟ್ ಕಾರ್ಖಾನೆಗಳ ಎಂಜಿನಿಯರುಗಳು ಬರುತ್ತಾರೆ. ಮಂಡಿನೋವಿನಿಂದ ಕ್ಲಚ್ ಬಿಟ್ಟ ಹಿರಿಯರು, ಹೈದರಾಬಾದು ಪುಣೆಯಿಂದ ಸೆಕೆಂಡ್ ಹ್ಯಾಂಡ್ ಗಾಡಿ ತಂದ ಹುಡುಗರೂ ಬರುತ್ತಾರೆ. ಎಲ್ಲರದೂ ಎಡಗಾಲಿಗೆ ಕೆಲಸವಿಲ್ಲದ ಗಾಡಿಗಳು.

ಆ ಎಡಗಾಲಿನ ಕೆಲಸವನ್ನು ಬಹಳಷ್ಟು ಗಾಡಿಗಳಲ್ಲಿ ಎಣ್ಣೆಯೇ ಮಾಡುತ್ತದೆ. ಮಾಮೂಲಿ ಗೇರ್ ಬಾಕ್ಸಿನ ಎಣ್ಣೆ ಹಲ್ಲು ಹಲ್ಲಿಗೆ ಉಜ್ಜದಂತೆ ಕಾಯುತ್ತದೆ, ಅಷ್ಟೆ. ಬಂಡಿಯ ಅಚ್ಚಿಗೆ ಹಚ್ಚುವ ಕೀಲೆಣ್ಣೆಯದೂ ಅದೇ ಕೆಲಸ. ಟಾರ್ಕ್ ಕನ್ವರ್ಟರ್ ಇರುವ ಆಟೋಮ್ಯಾಟಿಕ್‌ನಲ್ಲಿ ಹಾಗಲ್ಲ. ಇಂಜಿನ್ನಿನ ಬಲವನ್ನು ಗೇರಿಗೆ ದಾಟಿಸುವುದು ಎಣ್ಣೆ, ಪಂಪಿನ ಒತ್ತಡದಿಂದ ಒಳಗಿನ ಕ್ಲಚ್‌ಗಳನ್ನು ಹಿಡಿದು ಬಿಡುವುದು ಎಣ್ಣೆ, ಬಿಸಿಯನ್ನು ಹೊತ್ತು ಕೂಲರಿಗೆ ಒಯ್ಯುವುದೂ ಎಣ್ಣೆ. ಇದನ್ನು ತಿಳಿಯುವ ಮೊದಲು ಕೆಲವರ ಗಾಡಿಗೆ ನನ್ನ ಕೈಯಿಂದ ತೊಂದರೆ ಆಗಿದೆ. ನನ್ನ ಹತ್ತಿರ ಕೆಲಸ ಕಲಿಯುವ ಹುಡುಗರಿಗೆ ಅದು ಮತ್ತೆ ಆಗಬಾರದು ಎಂದು ಇದನ್ನು ಬರೆಯುತ್ತಿದ್ದೇನೆ.

1. ಯಾವ ಆಟೋಮ್ಯಾಟಿಕ್ ಎಂದು ತಿಳಿಯದೆ ಪಾನಾ ಹಿಡಿಯಬೇಡ.

"ಆಟೋಮ್ಯಾಟಿಕ್ ಅದರಿ" ಎಂದರೆ ಗಿರಾಕಿ ಅರ್ಧ ಮಾತು ಹೇಳಿದಂತೆ. 2014ರಲ್ಲಿ ಮಾರುತಿ ಸೆಲೆರಿಯೊ ಜೊತೆ ನಮ್ಮ ದೇಶಕ್ಕೆ ಎಎಂಟಿ ಬಂತು. ಈ ಕಡೆ ಕಾಣುವ ಸಣ್ಣ ಆಟೋಮ್ಯಾಟಿಕ್ ಗಾಡಿಗಳಲ್ಲಿ ಬಹುಪಾಲು ಅದೇ. ಅದರೊಳಗಿರುವುದು ಮಾಮೂಲಿ ಗೇರ್ ಬಾಕ್ಸು, ಮಾಮೂಲಿ ಕ್ಲಚ್ ಪ್ಲೇಟು. ಕ್ಲಚ್ ಒತ್ತುವುದು, ಗೇರ್ ಹಾಕುವುದು ಮಾತ್ರ ಯಂತ್ರದ ಕೆಲಸ. ಅದಕ್ಕೆ ಹಾಕಬೇಕಾದದ್ದು ಮ್ಯಾನುಯಲ್ ಗೇರ್ ಆಯಿಲ್. ಆಕ್ಚುಯೇಟರಿಗೆ ಬೇರೆ ಸಣ್ಣ ಡಬ್ಬಿ, ಬೇರೆ ಎಣ್ಣೆ. ಲಿವರಿನ ಹತ್ತಿರ 'ಪಿ' ಅಕ್ಷರ ಇಲ್ಲದಿದ್ದರೆ ಹೆಚ್ಚಾಗಿ ಎಎಂಟಿ ಎಂದು ಹಿಡಿಯಬಹುದು, ಆದರೂ ಗಾಡಿಯ ಜೊತೆ ಬಂದ ಪುಸ್ತಕ ತೆಗೆದು ಖಾತ್ರಿ ಮಾಡಿಕೊಳ್ಳಬೇಕು.

ಆಟೋಮ್ಯಾಟಿಕ್ ಇನ್ನೋವಾ ಕ್ರಿಸ್ಟಾದಂಥ ಗಾಡಿಗಳಲ್ಲಿ ಟಾರ್ಕ್ ಕನ್ವರ್ಟರ್ ಇದೆ. ಅದಕ್ಕೆ ಎಟಿಎಫ್, ಅಂದರೆ ಆಟೋಮ್ಯಾಟಿಕ್‌ಗೆಂದೇ ಮಾಡಿದ ಎಣ್ಣೆ. ಸಿವಿಟಿಯ ಮಾತೇ ಬೇರೆ: ಎರಡು ಪುಲ್ಲಿಗಳ ನಡುವೆ ಉಕ್ಕಿನ ಬೆಲ್ಟು ಜಾರದಂತೆ ಕಚ್ಚಿ ಹಿಡಿದುಕೊಂಡು ಓಡಬೇಕು, ಆ ಹಿಡಿತ ಕೊಡುವ ಎಣ್ಣೆಯೂ ಬೇರೆ. ಎರಡು ಕ್ಲಚ್ಚಿನ ಡಿಸಿಟಿಯಲ್ಲಿ ಕ್ಲಚ್ ಎಣ್ಣೆಯಲ್ಲಿ ಮುಳುಗಿರುವುದು ಒಂದು ಬಗೆ, ಒಣಗಿರುವುದು ಇನ್ನೊಂದು. ನಾಲ್ಕಕ್ಕೂ ಎಣ್ಣೆ ಬೇರೆ ಬೇರೆ.

ನಾನು ಒಮ್ಮೆ ಸಿವಿಟಿ ಗಾಡಿಗೆ ಎಟಿಎಫ್ ಹಾಕಿದೆ. ತುಟ್ಟಿ ಎಣ್ಣೆ, ಕೆಂಪಗಿತ್ತು, ಹೆಸರುವಾಸಿ ಡಬ್ಬಿ. ವಾರದೊಳಗೆ ಗಾಡಿ ಕುಂಯ್‌ಗುಡುತ್ತ, ನಡುಗುತ್ತ ವಾಪಸ್ ಬಂತು. ಎರಡು ಸಲ ತೊಳೆದು ಸರಿಯಾದ ಎಣ್ಣೆ ತುಂಬಿ ಕೊಟ್ಟೆ, ಖರ್ಚು ನನ್ನದೇ. ಬೆಲ್ಟಿಗೆ ಆ ವಾರದಲ್ಲಿ ಎಷ್ಟು ಗೀರು ಬಿದ್ದಿತ್ತೋ ಎಂಬ ಕಳವಳ ಮಾತ್ರ ಆ ಗಾಡಿ ಕಂಡಾಗಲೆಲ್ಲ ಈಗಲೂ ಬರುತ್ತದೆ.

2. ಬಣ್ಣವನ್ನೂ ನಂಬರನ್ನೂ ನೋಡಿ ಎಣ್ಣೆ ಕೊಳ್ಳಬೇಡ.

ಎಟಿಎಫ್‌ನ ಕೆಂಪು ಬರೀ ಬಣ್ಣ. ನೆಲದ ಮೇಲೆ ತೊಟ್ಟಿಕ್ಕಿದಾಗ ಅದು ಇಂಜಿನ್ ಎಣ್ಣೆಯಲ್ಲ ಎಂದು ಗೊತ್ತಾಗಲಿ ಎಂದು ಬೆರೆಸುತ್ತಾರೆ. ಎಟಿಎಫ್‌ನ ಗುಣ ಇರುವುದು ಘರ್ಷಣೆಯನ್ನು ಹದ ಮಾಡುವ ರಾಸಾಯನಿಕಗಳಲ್ಲಿ. ಒಂದೇ ಎಣ್ಣೆ ಗೇರಿನ ಹಲ್ಲಿಗೆ ಜಾರಬೇಕು, ಕ್ಲಚ್ಚಿನ ಪ್ಲೇಟಿಗೆ ಹಿಡಿಯಬೇಕು. ಈ ಎರಡು ವಿರುದ್ಧ ಕೆಲಸಕ್ಕೆ ಹದ ಹುಡುಕುವುದು ಮೊದಲಿನಿಂದಲೂ ಕಷ್ಟವೇ ಆಗಿತ್ತು. ಜನರಲ್ ಮೋಟಾರ್ಸ್ 1949ರಲ್ಲಿ 'ಟೈಪ್ ಎ' ಎಂಬ ಎಣ್ಣೆ ತಂದಿತು, ಆಮೇಲೆ ಡೆಕ್ಸ್ರಾನ್ ಬಂತು. 1970ರ ದಶಕದ ಆರಂಭದವರೆಗೂ ಇಂಥ ಎಣ್ಣೆಗಳಲ್ಲಿ ಆ ಹದ ತರಲು ಸ್ಪರ್ಮ್ ತಿಮಿಂಗಿಲದ ಎಣ್ಣೆ ಬೆರೆಸುತ್ತಿದ್ದರು. ಅಮೆರಿಕದಲ್ಲಿ ಅದಕ್ಕೆ ನಿಷೇಧ ಬಂದ ಮೇಲೆ ರಸಾಯನಶಾಸ್ತ್ರಜ್ಞರು ಬೇರೆ ದಾರಿ ಹುಡುಕಬೇಕಾಯಿತು. ಇದನ್ನು ಮೊದಲು ತಿಳಿದ ದಿನ ನಾನು ಕೈಯಲ್ಲಿದ್ದ ಡಬ್ಬಿಯನ್ನು ಬಹಳ ಹೊತ್ತು ನೋಡಿದೆ. ಸಮುದ್ರವನ್ನೇ ಕಾಣದ ನಮ್ಮ ಊರಿನಲ್ಲಿ ಕೂತು ತಿರುಗಿಸುವ ಪಾನಾಕ್ಕೆ ಅಷ್ಟು ದೂರದ ಸಂಬಂಧ ಇದೆ ಎಂದು ಅನಿಸಿರಲಿಲ್ಲ.

ಹದ ತಪ್ಪಿದ ಎಣ್ಣೆ ಹಾಕಿದರೆ ಗಾಡಿ ನಲವತ್ತು ಐವತ್ತರ ವೇಗದಲ್ಲಿ, ರಸ್ತೆಗೆ ಅಡ್ಡ ಬಳಿದ ಪಟ್ಟೆಗಳ ಮೇಲೆ ಓಡಿದಂತೆ, ಗರಗರ ನಡುಗುತ್ತದೆ.

ನಂಬರ್ ದೊಡ್ಡದಿದ್ದರೆ ಎಣ್ಣೆ ಒಳ್ಳೆಯದು ಎಂಬ ಲೆಕ್ಕವೂ ಇಲ್ಲಿ ನಡೆಯುವುದಿಲ್ಲ. ಡೆಕ್ಸ್ರಾನ್ ಮೂರು ಬೇಡುವ ಗಾಡಿಗೆ ಆರು ಹಾಕಬಹುದು ಎಂದು ಅದನ್ನು ಮಾಡಿದ ಕಂಪನಿಯೇ ಹೇಳಿದೆ. ಆದರೆ ಟೊಯೊಟಾದ ಹಳೆಯ ಟಿ-ಫೋರ್ ಜಾಗಕ್ಕೆ ಹೊಸ ಡಬ್ಲ್ಯುಎಸ್ ಹೋಗುವುದಿಲ್ಲ, ಅದು ತೆಳು. ಹ್ಯುಂಡೈನ ಎಸ್‌ಪಿ-ತ್ರೀ, ಎಸ್‌ಪಿ-ಫೋರ್ ನಡುವೆಯೂ ಹಾಗೇ. ಹಳೆಯ ಹೋಂಡಾ ಸಿಟಿ ಸಿವಿಟಿಗೆ ಎಚ್‌ಎಂಎಂಎಫ್, ಈಗಿನದಕ್ಕೆ ಎಚ್‌ಸಿಎಫ್-ಟು. ಎರಡೂ ಸಿವಿಟಿ ಎಣ್ಣೆಯೇ ಆದರೂ ಒಂದರ ಬದಲಿಗೆ ಇನ್ನೊಂದು ಸಲ್ಲದು. ಡಬ್ಬಿಯ ಹಿಂದಿನ ಸಣ್ಣ ಅಕ್ಷರ ಓದು. ಇಂಥ ಗಾಡಿಗೆ ಹೊಂದುತ್ತದೆ ಎಂದು ಎಣ್ಣೆ ಮಾಡಿದವರು ಬರೆದುಕೊಳ್ಳುವುದು ಬೇರೆ, ಗಾಡಿ ಮಾಡಿದವರು ಒಪ್ಪಿಗೆ ಕೊಟ್ಟಿರುವುದು ಬೇರೆ.

ಇನ್ನೊಂದು ಮಾತು. ಖಾಲಿ ಡಬ್ಬಿಯನ್ನು ಹಾಗೇ ಗುಜರಿಗೆ ಹಾಕಬೇಡ, ತಳಕ್ಕೆ ಮೊಳೆ ಹೊಡೆದು ಹಾಕು. ಒಳ್ಳೆಯ ಡಬ್ಬಿ, ಒಳ್ಳೆಯ ಮುಚ್ಚಳ ಸಿಕ್ಕರೆ ನಕಲಿ ಎಣ್ಣೆ ತುಂಬುವವರಿಗೆ ಅರ್ಧ ಕೆಲಸ ಮುಗಿದಂತೆ.

3. 'ಜೀವನಪೂರ್ತಿ ಎಣ್ಣೆ' ಎಂಬ ಮಾತು ನಮ್ಮ ಬಿಸಿಲಿಗೆ ಹೊಂದುವುದಿಲ್ಲ.

ಕೆಲವು ಪುಸ್ತಕಗಳಲ್ಲಿ ಎಟಿಎಫ್ ಬದಲಿಸುವ ಸಾಲೇ ಇರುವುದಿಲ್ಲ. ಆದರೆ ದೊಡ್ಡ ದೊಡ್ಡ ಕಾರುಗಳಿಗೆ ಗೇರ್ ಬಾಕ್ಸ್ ಮಾಡಿಕೊಡುವ ಜರ್ಮನಿಯ ಜೆಡ್‌ಎಫ್ ಕಂಪನಿ, ತನ್ನ ಗೇರ್ ಬಾಕ್ಸುಗಳಿಗೆ 80,000ದಿಂದ 1,20,000 ಕಿ.ಮೀ. ನಡುವೆ, ಇಲ್ಲವೆ ಎಂಟು ವರ್ಷದೊಳಗೆ ಎಣ್ಣೆ ಬದಲಿಸಿ ಎನ್ನುತ್ತದೆ. ಪುಸ್ತಕದಲ್ಲಿ ಕಠಿಣ ಬಳಕೆ ಎಂದು ಬೇರೆ ಪಟ್ಟಿ ಇದ್ದರೆ ನಾನು ಅದನ್ನೇ ಹಿಡಿಯುತ್ತೇನೆ. ವಿಪರೀತ ಬಿಸಿಲು, ಧೂಳು, ನಿಂತು ನಿಂತು ಓಡುವುದು, ಭಾರ ಎಳೆಯುವುದು ಎಂದು ಆ ಪಟ್ಟಿಯಲ್ಲಿರುವುದೆಲ್ಲ ಇಲ್ಲಿ ನಿತ್ಯದ ಮಾತು. ಮೇ ತಿಂಗಳಲ್ಲಿ 42, 43 ಡಿಗ್ರಿ. ಸುಣ್ಣದ ಕಲ್ಲು, ಸಿಮೆಂಟು ಹೊತ್ತ ಲಾರಿಗಳ ಹಿಂದೆ ಮೈಲುಗಟ್ಟಲೆ ತೆವಳುವುದು. ರೈಲ್ವೆ ಗೇಟು ಬಿದ್ದರೆ 'ಡಿ'ಯಲ್ಲೇ ಬ್ರೇಕ್ ಒತ್ತಿಕೊಂಡು ಕಾಯುವುದು. ಗಾಡಿ ನಿಂತೇ ಇದ್ದರೂ ಆಗ ಟಾರ್ಕ್ ಕನ್ವರ್ಟರಿನೊಳಗೆ ಎಣ್ಣೆ ಕಡೆಯುತ್ತಲೇ ಇರುತ್ತದೆ, ಆ ಬಲವೆಲ್ಲ ಬಿಸಿಯಾಗುತ್ತದೆ. ಗೇಟು ತಡವಾಗುವಂತಿದ್ದರೆ 'ಎನ್'ಗೆ ಹಾಕಿ ಹ್ಯಾಂಡ್ ಬ್ರೇಕ್ ಎಳೆಯಿರಿ ಎಂದು ಎಲ್ಲರಿಗೂ ಹೇಳುತ್ತೇನೆ.

ಎಣ್ಣೆ ಅತಿಯಾಗಿ ಕಾಯತೊಡಗಿದ ಮೇಲೆ ಹೆಚ್ಚುವ ಪ್ರತಿ ಹತ್ತು ಡಿಗ್ರಿಗೂ ಅದರ ಆಯುಷ್ಯ ಸುಮಾರು ಅರ್ಧಕ್ಕೆ ಇಳಿಯುತ್ತದೆ ಎಂಬುದು ಈ ಕಸುಬಿನವರ ಹಳೆಯ ಲೆಕ್ಕ. ಅದಕ್ಕೇ ಟಾರ್ಕ್ ಕನ್ವರ್ಟರ್ ಗಾಡಿಗೆ ನಾನು 50,000–60,000 ಕಿ.ಮೀ. ದಾಟಲು ಬಿಡುವುದಿಲ್ಲ. ಲೀಟರಿಗೆ ಸಾವಿರದ ಆಸುಪಾಸು ಬೆಲೆಯ ಎಣ್ಣೆ ಎಂದು ಗಿರಾಕಿ ಹಿಂದೆಮುಂದೆ ನೋಡುತ್ತಾರೆ. ಗೇರ್ ಬಾಕ್ಸ್ ಬಿಚ್ಚಿದರೆ ಆಗುವ ಖರ್ಚು ಲಕ್ಷದ ಮಾತು ಎಂದು ಆಗ ಕೂರಿಸಿಕೊಂಡು ಹೇಳಬೇಕಾಗುತ್ತದೆ.

4. ತುಂಬುವ ನಟ್ ಬಿಚ್ಚಿದ ಮೇಲೆಯೇ ಇಳಿಸುವ ನಟ್ ಬಿಚ್ಚು.

ಒಂದು ಸಂಜೆ ಅವಸರದಲ್ಲಿ ಮೊದಲು ಕೆಳಗಿನದನ್ನು ಬಿಚ್ಚಿ ಎಣ್ಣೆ ಇಳಿಸಿಬಿಟ್ಟೆ. ತುಂಬುವ ನಟ್ ಜಾಮ್ ಆಗಿತ್ತು, ತಿರುಗಿಸಿದರೆ ಮೂಲೆ ಸವೆಯಿತು. ಮರುದಿನ ಬೆಳಿಗ್ಗೆ ಸೇಡಂನಲ್ಲಿ ಗಾಡಿಯವರ ತಂಗಿಯ ಮದುವೆ. ಒಳಗೆ ಎಣ್ಣೆ ಇಲ್ಲದ ಗಾಡಿ ಜಾಕಿನ ಮೇಲೆ ನಿಂತಿತ್ತು. ಮದುಮಗಳ ಸಾಮಾನನ್ನೆಲ್ಲ ಟೆಂಪೋದಲ್ಲಿ ಹೇರಿ ಕಳಿಸಿದೆವು. ಅವರು ಒಂದು ಮಾತೂ ಬೈಯಲಿಲ್ಲ.

5. ಅಳತೆ ನೋಡುವ ಮುಂಚೆ ಬಿಸಿ ನೋಡು.

ಇದನ್ನು ಬಿಡಿಸಿ ಹೇಳಬೇಕು, ಈ ಭಾಗದಲ್ಲಿ ಅತಿ ಹೆಚ್ಚು ತಪ್ಪಾಗುವುದು ಇಲ್ಲೇ.

ಹಳೆಯ ಗಾಡಿಗಳಿಗೆ ಎಣ್ಣೆ ಅಳೆಯುವ ಕಡ್ಡಿ ಇತ್ತು. ಇಂಜಿನ್ ಓಡುತ್ತಿರುವಾಗ, ಎಣ್ಣೆ ಕಾದ ಮೇಲೆ, ಕಡ್ಡಿ ಎಳೆದು 'ಹಾಟ್' ಗೆರೆ ನೋಡಿದರೆ ಮುಗಿಯಿತು. ಈಗಿನ ಬಹಳಷ್ಟು ಗಾಡಿಗಳಲ್ಲಿ ಕಡ್ಡಿಯೇ ಇಲ್ಲ. ಗೇರ್ ಬಾಕ್ಸಿನ ತಳದ ಎಣ್ಣೆ ಚೇಂಬರಿನ ಕೆಳಗೆ ಅಳತೆಯ ನಟ್ ಒಂದಿರುತ್ತದೆ, ಅದರೊಳಗೆ ನಿಂತ ಕೊಳವೆ. ಎಣ್ಣೆ ಆ ಕೊಳವೆಯ ಬಾಯಿಯ ಮಟ್ಟಕ್ಕೆ ಇರಬೇಕು. ಹೆಚ್ಚಿದ್ದರೆ ಧಾರೆಯಾಗಿ ಸುರಿಯುತ್ತದೆ, ಸರಿಯಾದಾಗ ಹನಿಯಾಗುತ್ತದೆ. ಹನಿಯಾದಾಗ ಮುಚ್ಚಬೇಕು. ಆದರೆ ಎಣ್ಣೆ ಇಷ್ಟೇ ಬಿಸಿ ಇರಬೇಕು ಎಂಬ ಷರತ್ತಿದೆ. ಅನೇಕ ಗಾಡಿಗಳಲ್ಲಿ ಅದು 35ರಿಂದ 45 ಡಿಗ್ರಿಯ ಆಸುಪಾಸು.

ಒಂದು ಮೇ ತಿಂಗಳ ಮಧ್ಯಾಹ್ನ ಎರಡು ಗಂಟೆಗೆ ನಾನು ಒಂದು ಗಾಡಿಯ ಅಳತೆ ನೋಡಿ, ಹನಿಯಾದ ಮೇಲೆ ಮುಚ್ಚಿ ಕೊಟ್ಟೆ. ಎಂಟು ದಿನದ ಮೇಲೆ ಫೋನ್ ಬಂತು. ಚಂದ್ರಂಪಳ್ಳಿ ಡ್ಯಾಮ್ ನೋಡಲು ಮನೆಯವರೊಂದಿಗೆ ಹೋದವರು, ಚಿಂಚೋಳಿ ದಾಟಿ ಏರಿನಲ್ಲಿ ಸಿಕ್ಕಿಹಾಕಿಕೊಂಡಿದ್ದರು. "ಇಂಜಿನ್ ಕೂಗ್ಲತ್ತದರಿ, ಗಾಡಿ ಮುಂದ ಹೋಗ್ಲತಿಲ್ಲ." ನನಗೆ ಕೆಲಸ ಕಲಿಸಿದ ಉಸ್ತಾದ ಶಹಾಬಾದಿನವರು, ಆಮೇಲೆ ಹೈದರಾಬಾದಿನಲ್ಲಿ ನೆಲೆಸಿದವರು. ಅವರಿಗೆ ಫೋನ್ ಹಚ್ಚಿದೆ.

"ಎಷ್ಟಕ್ಕ ಮುಚ್ಚಿದಿ?"

"ಲೆವಲ್ ಸರಿ ಇತ್ರಿ ಉಸ್ತಾದ, ಹನಿ ಬಿದ್ದ ಮ್ಯಾಲೇ ಮುಚ್ಚೀನಿ."

"ಲೆವಲ್ ಕೇಳ್ಲಿಲ್ಲಪ ನಾ. ಬಿಸಿ ಎಷ್ಟಿತ್ತು?"

ನಾನು ನೋಡಿಯೇ ಇರಲಿಲ್ಲ. ನಿಂತ ಗಾಡಿಯ ಎಣ್ಣೆಯೇ ಆ ಹೊತ್ತಿಗೆ 42 ಡಿಗ್ರಿ ಇರುತ್ತದೆ. ಇಂಜಿನ್ ಚಾಲೂ ಮಾಡಿ, ಗೇರ್ ತಿರುಗಿಸಿ, ನಟ್ ಬಿಚ್ಚುವಷ್ಟರಲ್ಲಿ ಅರವತ್ತು ದಾಟಿರಬೇಕು. ಕಾದ ಎಣ್ಣೆ ಹಿಗ್ಗುತ್ತದೆ: ಎಂಟು ಲೀಟರ್ ಎಣ್ಣೆ 30 ಡಿಗ್ರಿ ಹೆಚ್ಚು ಕಾದರೆ ಕಾಲು ಲೀಟರಿಗೆ ಸ್ವಲ್ಪ ಕಡಿಮೆ ಹಿಗ್ಗೀತು. ಹಿಗ್ಗಿದ್ದನ್ನು ನಾನು ಹೆಚ್ಚಾದದ್ದು ಎಂದು ತಿಳಿದು ಹರಿಯಬಿಟ್ಟಿದ್ದೆ. ಮೊದಲೇ ಅಂಚಿನಲ್ಲಿದ್ದ ಅಳತೆ ಹಾಗೆ ಇನ್ನೂ ಕೆಳಗಿಳಿಯಿತು. ಏರಿನಲ್ಲಿ ಎಣ್ಣೆ ಒಂದು ಕಡೆಗೆ ಸರಿದಾಗ ಪಂಪು ಗಾಳಿ ಹೀರಿತು, ನೊರೆಗೆ ಕ್ಲಚ್ ಹಿಡಿಯುವ ಬಲವಿಲ್ಲ. ಹೆಚ್ಚು ತುಂಬಿದರೂ ಕೇಡೇ. ತಿರುಗುವ ಭಾಗಗಳು ಎಣ್ಣೆಯನ್ನು ಮಜ್ಜಿಗೆ ಕಡೆದಂತೆ ಕಡೆದು ನೊರೆ ಮಾಡುತ್ತವೆ.

ಆವತ್ತಿನಿಂದ ಬೇಸಿಗೆಯಲ್ಲಿ ಈ ಕೆಲಸ ಎರಡು ದಿನದ್ದು. ಸಂಜೆ ಎಣ್ಣೆ ಇಳಿಸಿ, ಇಳಿದದ್ದನ್ನು ಅಳೆದು, ಅಷ್ಟೇ ಹೊಸದು ತುಂಬಿ, ಮೇಲೆ ಅರ್ಧ ಲೀಟರ್ ಹೆಚ್ಚು ಹಾಕಿ ಇಡುತ್ತೇವೆ. ರಾತ್ರಿ ಗಾಡಿ ಶೆಡ್ಡಿನಲ್ಲೇ. ಬೆಳಿಗ್ಗೆ ಆರಕ್ಕೆ, ಎಣ್ಣೆ ಮೂವತ್ತರ ಹತ್ತಿರ ಇರುವಾಗ ಸ್ಕ್ಯಾನರ್ ಹಚ್ಚಿ ಇಂಜಿನ್ ಚಾಲೂ. ಒಬ್ಬ ಬ್ರೇಕ್ ಒತ್ತಿ ಪಿ, ಆರ್, ಎನ್, ಡಿ ಒಂದೊಂದರಲ್ಲೂ ಮೂರು ಮೂರು ಸೆಕೆಂಡ್ ನಿಲ್ಲಿಸಿ ವಾಪಸ್ 'ಪಿ'ಗೆ ತರುತ್ತಾನೆ. ಸ್ಕ್ಯಾನರಿನಲ್ಲಿ ಬಿಸಿ ಪುಸ್ತಕದ ಅಂಕಿಗೆ ಬಂದ ಕೂಡಲೇ ಇನ್ನೊಬ್ಬ ಕೆಳಗಿನ ನಟ್ ಬಿಚ್ಚುತ್ತಾನೆ. ಧಾರೆ ತೆಳುವಾಗಿ ಹನಿಯಾದ ಕ್ಷಣ ಹೊಸ ವಾಶರ್ ಹಾಕಿ ಮುಚ್ಚುವುದು.

ಗಾಡಿ ನಾಲ್ಕೂ ಕಡೆ ಸಮ ಇರಬೇಕು. ನನ್ನ ಹತ್ತಿರ ಲಿಫ್ಟ್ ಇಲ್ಲದಿದ್ದಾಗ, ಫರ್ಸಿ ಕಲ್ಲು ಹಾಸುವ ಗವಂಡಿಯವರಿಂದ ರಸಮಟ್ಟ ತಂದು ಗಾಡಿಯ ಅಡಿಗೆ ಹಿಡಿದು ನೋಡುತ್ತಿದ್ದೆ. ಶಹಾಬಾದಿ ಫರ್ಸಿಯ ನೆಲ ನುಣ್ಣಗೆ ಇರುತ್ತದೆ. ಕಣ್ಣಿಗೆ ಸಮ ಕಂಡರೂ ನೀರು ಹರಿಯಲೆಂದು ಒಂದು ಕಡೆ ವಾಟ ಕೊಟ್ಟಿರುತ್ತಾರೆ.

6. ಒಂದು ಸಲ ಇಳಿಸಿದರೆ ಎಲ್ಲ ಎಣ್ಣೆ ಬರುವುದಿಲ್ಲ.

ಟಾರ್ಕ್ ಕನ್ವರ್ಟರಿನಲ್ಲಿ, ಕೂಲರಿನಲ್ಲಿ ಹಳೆಯದು ಉಳಿಯುತ್ತದೆ. ಎಂಟು ಲೀಟರಿನಲ್ಲಿ ನಾಲ್ಕು ಬಂತು ಎಂದಿಟ್ಟುಕೊಳ್ಳಿ. ಒಂದು ಸಲಕ್ಕೆ ಅರ್ಧ ಹೊಸದು, ನಡುವೆ ಓಡಿಸಿ ಎರಡನೆಯ ಸಲ ಮಾಡಿದರೆ ಮುಕ್ಕಾಲು, ಮೂರನೆಯ ಸಲಕ್ಕೆ ನೂರಕ್ಕೆ 87 ಭಾಗ. ಮಷಿನ್ ಹಚ್ಚಿ ಒಮ್ಮೆಲೇ ತೊಳೆಯುವುದಕ್ಕಿಂತ, ಸಾವಿರ ಕಿ.ಮೀ.ಗೆ ಒಂದರಂತೆ ಎರಡು ಮೂರು ಸಲ ಇಳಿಸಿ ತುಂಬುವುದೇ ನನಗೆ ಹಿಡಿಸಿದೆ. ಹಳೆಯ ಗಾಡಿಗಂತೂ ಅದೇ ಸೈ.

7. ಧೂಳು ಒಳಗೆ ಹೋಗದಂತೆ ನೋಡಿಕೊ.

ಎಣ್ಣೆಯ ಒತ್ತಡವನ್ನು ಕ್ಲಚ್‌ಗಳಿಗೆ ಹಂಚುವ ವಾಲ್ವ್ ಬಾಡಿಯೊಳಗಿನ ದಾರಿಗಳು ಬಹಳ ಸಣ್ಣವು. ನಟ್ ಬಿಚ್ಚುವ ಮೊದಲು ಸುತ್ತ ಬ್ರಷ್ ಹೊಡೆದು ಒರೆಸು. ಚೇಂಬರ್ ಒರೆಸಲು ನೂಲು ಬಿಡುವ ಕಾಟನ್ ವೇಸ್ಟ್ ಬೇಡ, ಎಳೆ ಬಿಡದ ಬಟ್ಟೆ ಬೇಕು. ರೇಡಿಯೇಟರಿನ ಮುಂದೆ ಕೂತ ಸಿಮೆಂಟ್ ಧೂಳಿಗೆ ನೇರ ನೀರು ಹೊಡೆದರೆ ಅದು ಅಲ್ಲೇ ಗಟ್ಟಿಯಾಗುತ್ತದೆ. ಮೊದಲು ಒಳಗಿನಿಂದ ಹೊರಕ್ಕೆ ಗಾಳಿ ಹೊಡಿ, ನೀರು ಆಮೇಲೆ. ರೇಡಿಯೇಟರ್ ಕಟ್ಟಿದರೆ ಎಟಿಎಫ್ ತಣಿಯುವ ದಾರಿಯೂ ಕಟ್ಟುತ್ತದೆ.

8. ಹಳೆಯ ಎಣ್ಣೆಯನ್ನು ನೋಡದೆ ಡ್ರಮ್ಮಿಗೆ ಸುರಿಯಬೇಡ.

ಉಸ್ತಾದ ಹಳೆಯ ಕ್ಯಾಲೆಂಡರಿನ ಹಿಂಬದಿಗೆ ಒಂದು ಹನಿ ಬಿಟ್ಟು, ಬೆರಳಿಗೆ ಹಚ್ಚಿಕೊಂಡು ಮೂಸಿ ನೋಡುತ್ತಿದ್ದರು. ಕೆಂಪು ಕಂದಾಗಿದ್ದರೆ ಹಳತಾಗಿದೆ. ಸುಟ್ಟ ವಾಸನೆ ಇದ್ದರೆ ಕ್ಲಚ್ ಸುಟ್ಟಿದೆ. ಚೇಂಬರಿನ ಆಯಸ್ಕಾಂತಕ್ಕೆ ನುಣ್ಣನೆ ಬೂದು ಕೆಸರು ಅಂಟಿದ್ದರೆ ಹೆದರಬೇಕಿಲ್ಲ, ಅದು ಸವೆತ. ಬೆರಳಿಗೆ ಚುಚ್ಚುವ ಚೂರು ಸಿಕ್ಕರೆ ಗಾಡಿಯವರನ್ನು ಕರೆದು ತೋರಿಸು.

ಚಿಂಚೋಳಿ ಕಡೆಯ ಮಾಸ್ತರರೊಬ್ಬರು 1,60,000 ಕಿ.ಮೀ. ಓಡಿದ ಗಾಡಿ ತಂದರು. ಎಣ್ಣೆ ಒಮ್ಮೆಯೂ ಬದಲಾಗಿರಲಿಲ್ಲ, ಮೂರನೆಯ ಗೇರು ಆಗಲೇ ಜಾರುತ್ತಿತ್ತು. ನಾನು ಓಡಿಸಿ ನೋಡದೆ ಎಣ್ಣೆ ಬದಲಿಸಿದೆ. ತಿಂಗಳೊಳಗೆ ಗಾಡಿ ನಿಂತಿತು. "ನಿಮ್ಮ ಎಣ್ಣಿ ಹಾಕಿದ ಮ್ಯಾಲೇ ಕೆಟ್ಟದ್ದಲ್ರಿ ಇದು" ಎಂದರು. ಕ್ಲಚ್ಚಿನ ಮೇಲಿನ ಪದರ ಮೊದಲೇ ಸವೆದಿತ್ತು, ಎಣ್ಣೆಯಿಂದ ಅದು ಮರಳಿ ಬರುವುದಿಲ್ಲ ಎಂದು ಹೇಳಿದೆ. ನಿಜವೇ, ಆದರೆ ಅದನ್ನು ಹೇಳಬೇಕಾದದ್ದು ಮೊದಲು. ಈಗ ಗಾಡಿಯವರನ್ನು ಪಕ್ಕಕ್ಕೆ ಕೂರಿಸಿಕೊಂಡು ನಾಲ್ಕು ಕಿಲೋಮೀಟರ್ ಓಡಿಸದೆ ಯಾರ ಗಾಡಿಯ ನಟ್ಟಿಗೂ ಕೈ ಹಚ್ಚುವುದಿಲ್ಲ.

9. ನೀರು ಎರಡು ದಾರಿಯಿಂದ ಬರುತ್ತದೆ.

ಒಂದು ದಾರಿ ರೇಡಿಯೇಟರ್. ಬಹಳ ಗಾಡಿಗಳಲ್ಲಿ ಎಟಿಎಫ್ ಕೂಲರ್ ಅದರೊಳಗೇ ಇರುತ್ತದೆ. ನಮ್ಮದು ಸುಣ್ಣದ ಕಲ್ಲಿನ ನೆಲ, ಬೋರಿನ ನೀರು ಪಾತ್ರೆಯ ತಳಕ್ಕೆ ಬೆಳ್ಳಗೆ ಕಟ್ಟುವಂಥದ್ದು. ಕೂಲಂಟ್ ತುಟ್ಟಿ ಎಂದು ಅದೇ ನೀರು ತುಂಬುತ್ತ ಹೋದರೆ ಒಳಗೆ ಪದರ ಕಟ್ಟಿ, ಲೋಹ ತಿಂದು, ಕೂಲರ್ ಸೋರತೊಡಗುತ್ತದೆ. ಆಗ ಎಟಿಎಫ್ ರೋಸ್ ಮಿಲ್ಕಿನ ಬಣ್ಣಕ್ಕೆ ತಿರುಗುತ್ತದೆ. ಆ ಬಣ್ಣ ಕಂಡರೆ ಗಾಡಿಯನ್ನು ಒಂದು ಗಜವೂ ಓಡಿಸಬಾರದು. ಕ್ಲಚ್ ಪ್ಲೇಟಿನ ಪದರವನ್ನು ಅಂಟಿನಿಂದ ಕೂರಿಸಿರುತ್ತಾರೆ, ನೀರು ಅದನ್ನು ಬಿಡಿಸುತ್ತದೆ.

ಇನ್ನೊಂದು ದಾರಿ ಕಾಗಿಣಾ ನದಿ. ಮಳೆಗಾಲದಲ್ಲಿ ದಂಡೋತಿ ಸೇತುವೆ ಮುಳುಗುವುದು ಇಲ್ಲಿಯವರಿಗೆ ಹೊಸದಲ್ಲ. 2020ರ ಅಕ್ಟೋಬರಿನ ಪ್ರವಾಹವನ್ನಂತೂ ಯಾರೂ ಮರೆತಿಲ್ಲ. ಸುತ್ತು ಹಾಕಿ ಹೋಗುವ ಬೇಸರಕ್ಕೆ ನೀರಿಗೆ ಗಾಡಿ ಇಳಿಸುವವರಿಗೆ ನಾನು ಹೇಳುವುದು ಇಷ್ಟು: ಗೇರ್ ಬಾಕ್ಸಿನ ಮೇಲೆ ಉಸಿರಾಡುವ ಸಣ್ಣ ನಳಿಗೆ ಇದೆ. ಓಡಿ ಕಾದ ಗೇರ್ ಬಾಕ್ಸು ತಣ್ಣೀರಿಗೆ ಬಿದ್ದರೆ ಒಳಗಿನ ಗಾಳಿ ಕುಗ್ಗುತ್ತದೆ, ನೀರು ನಳಿಗೆಯ ಬಾಯಿಗೆ ಮುಟ್ಟಿದರೆ ಅದನ್ನೇ ಒಳಗೆ ಎಳೆದುಕೊಳ್ಳುತ್ತದೆ. ನೀರಲ್ಲಿ ನಿಂತ ಗಾಡಿಯನ್ನು ಚಾಲೂ ಮಾಡಿ ನೋಡಬೇಡಿ, ಒಮ್ಮೆಯೂ ಬೇಡ. ಹಗ್ಗ ಕಟ್ಟಿ ಎಳೆಯಲೂ ಬೇಡಿ. ಇಂಜಿನ್ ಓಡದಿದ್ದರೆ ಪಂಪು ಓಡುವುದಿಲ್ಲ, ಚಕ್ರ ತಿರುಗಿದರೆ ಗೇರು ಒಣಗಿದ ಮೈಯಲ್ಲಿ ಉಜ್ಜುತ್ತದೆ. ಪೂರ್ತಿ ಎತ್ತಿ ಲಾರಿಯ ಮೇಲೆ ತನ್ನಿ.

10. ಇಳಿಸಿದ ಎಣ್ಣೆ ನೆಲಕ್ಕೆ ಹೋಗಬಾರದು.

ಹಳೆಯ ಎಣ್ಣೆಯನ್ನು ಕೇಳಿಕೊಂಡು ಬರುವವರು ಬಹಳ. ಗೆದ್ದಲು ಹತ್ತದಂತೆ ಬಾಗಿಲ ಚೌಕಟ್ಟಿಗೆ, ಹೊಲದ ಬೇಲಿ ಗೂಟಕ್ಕೆ, ಬಂಡಿಯ ಅಚ್ಚಿಗೆ. ಕೊಟ್ಟದ್ದು ಮಳೆಯಲ್ಲಿ ತೊಳೆದು ತೊಗರಿ ಹೊಲಕ್ಕೆ ಇಳಿಯುತ್ತದೆ, ಅಲ್ಲಿಂದ ಹಳ್ಳಕ್ಕೆ, ಕಾಗಿಣಾಕ್ಕೆ, ಭೀಮಾಕ್ಕೆ. 2016ರ ಅಪಾಯಕಾರಿ ತ್ಯಾಜ್ಯ ನಿಯಮಗಳ ಪ್ರಕಾರ ಬಳಸಿದ ಎಣ್ಣೆಯನ್ನು ಪರವಾನಗಿ ಇರುವ ಸಂಸ್ಕರಣೆಯವರಿಗೇ ಕೊಡಬೇಕು. ನನ್ನಲ್ಲಿ ಮುಚ್ಚಳದ ಡ್ರಮ್ ಇದೆ, ತುಂಬಿದಾಗ ಅವರ ಗಾಡಿ ಬಂದು ಒಯ್ಯುತ್ತದೆ.

ಕಳೆದ ಕಾರಹುಣ್ಣಿಮೆಯ ಹಿಂದಿನ ದಿನ ಹತ್ತಿರದ ಊರಿನ ಕಾಕಾ ಒಬ್ಬರು ಡಬ್ಬಿ ಹಿಡಿದು ಬಂದರು. "ಬಂಡಿ ಅಚ್ಚಿಗಿ ಒಂದೀಟು ಸುಟ್ಟೆಣ್ಣಿ ಕೊಡಪ" ಎಂದರು. "ಅದು ಬ್ಯಾಡ್ರಿ ಕಾಕಾ, ಅದರಾಗ ಜೀವ ಉಳಿದಿಲ್ಲ" ಎಂದು ಕಪಾಟಿನಿಂದ ಹೊಸ ಗ್ರೀಸಿನ ಡಬ್ಬಿ ತೆಗೆದು ಕೊಟ್ಟೆ. ಬೆರಳಲ್ಲಿ ಚೂರು ತೆಗೆದು, ಬಿಸಿಲಿಗೆ ಹಿಡಿದು, ಮೂಸಿ ನೋಡಿ, "ಇದು ಎಷ್ಟು ದಿನ ಬರ್ತದೋ?" ಎಂದು ಕೇಳಿದರು.